ಹೊಳೆಬಸವನನ್ನು ಕೆಳಗಿಳಿಸಿ

ಹೊಳೆದಂಡೆಯ ಅಂದ ಹೆಚ್ಚಿಸುವ ಕಾಮಗಾರಿಯ ಮೇಲಧಿಕಾರಿಗಳಿಗೆ,

ಮಾನ್ಯರೇ,

ನೀವು ನಮ್ಮೂರಿನ ಬಸವಣ್ಣನನ್ನು ಒಂದಾಳು ಎತ್ತರಕ್ಕೆ ಎತ್ತಿ ಕೂರಿಸಿದಿರಿ. ನನ್ನ ಅಕ್ಕನ ಮಗ ಯಲ್ಲೇಶ್ ಹೊಳೆಯಲ್ಲಿ ಸತ್ತ. ಈ ಎರಡು ವಾಕ್ಯಗಳಿಗೆ ಸಂಬಂಧವೇ ಇಲ್ಲ ಎಂದು ನಿಮ್ಮ ಕಚೇರಿ ಹೇಳುತ್ತದೆ. ಇದೆ ಎಂದು ನಾನು ಹೇಳುತ್ತೇನೆ. ಕಚೇರಿಯೊಳಗೆ ಬಂದು ಹೇಳಿದ್ದು ನಿಮ್ಮ ಕಿವಿಗೆ ಬೀಳಲಿಲ್ಲ. ಆದ್ದರಿಂದ ಈಗ ನಾಲ್ಕು ಜನ ಕೇಳುವ ಹಾಗೆ ಹೇಳುತ್ತಿದ್ದೇನೆ.

ಮೊದಲು ಹೇಳುವವನು ಯಾರೆಂದು ತಿಳಿಯಿರಿ. ಕಂಪ್ಲಿಯಿಂದ ಕೆಳಗೆ ತುಂಗಭದ್ರೆಯ ದಂಡೆಯಲ್ಲಿರುವ ಹಳ್ಳಿಯವನು. ನಮ್ಮೂರ ಶಾಲೆಯಲ್ಲಿ ಏಳನೇ ತರಗತಿಯನ್ನು ಎರಡು ಸಲ ಓದಿದ್ದೇನೆ. ಅಂದರೆ ಒಂದೇ ಸಲಕ್ಕೆ ಮುಗಿಸಿದವರಿಗಿಂತ ಒಂದು ವರ್ಷದ ವಿದ್ಯೆ ಹೆಚ್ಚು. ಬೀಡಿ ಬಾಯಲ್ಲಿಟ್ಟುಕೊಂಡು ತುಂಬಿದ ಹೊಳೆಯನ್ನು ಈಜಿ ದಾಟಿದವನು ನಾನು; ಆಚೆ ದಡ ಮುಟ್ಟಿದಾಗ ಬೀಡಿ ಇನ್ನೂ ಹೊಗೆಯಾಡುತ್ತಿತ್ತು. ಇದನ್ನು ಸುಳ್ಳು ಎನ್ನುವವರು ಊರಿನಲ್ಲಿದ್ದಾರೆ. ಅವರಿಗೆ ಈಜು ಬರುವುದಿಲ್ಲ.

ನಮ್ಮ ಹೊಳೆಯ ಗುಣವನ್ನು ನಿಮಗೆ ಯಾರೂ ಹೇಳಿದಂತಿಲ್ಲ. ಮಳೆ ಬೀಳುವುದು ದೂರದ ಘಟ್ಟದಲ್ಲಿ, ಮುಳುಗುವುದು ಇಲ್ಲಿ ನಾವು. ನಮ್ಮ ನೆತ್ತಿಯ ಮೇಲೆ ಬಿಸಿಲು ಸುಡುತ್ತಿರುವಾಗಲೇ ಹೊಸಪೇಟೆಯ ಅಣೆಕಟ್ಟೆ ತುಂಬುತ್ತದೆ, ಗೇಟುಗಳು ಏಳುತ್ತವೆ. ಹಂಪಿಯಲ್ಲಿ ಬಂಡೆಗಳು ಹೊಳೆಯನ್ನು ಎರಡೂ ಪಕ್ಕೆಯಿಂದ ಒತ್ತಿ ಹಿಡಿದಿರುತ್ತವೆ. ಅಲ್ಲಿ ಅದು ಗದ್ದಲ ಮಾಡುತ್ತದೆ, ಪುರಂದರ ಮಂಟಪವನ್ನು ನುಂಗುತ್ತದೆ, ಪ್ರವಾಸಿಗರು ದೂರ ನಿಂತು ಫೋಟೊ ತೆಗೆಯುತ್ತಾರೆ. ಕಂಪ್ಲಿ ದಾಟಿದ ಮೇಲೆ ಹಿಡಿಯಲು ಬಂಡೆಗಳಿಲ್ಲ, ನೆಲ ಚಪ್ಪಟೆ. ಅಲ್ಲಿ ಹೊಳೆ ಸದ್ದು ಮಾಡುವುದಿಲ್ಲ. ಭತ್ತದ ಗದ್ದೆಗೆ, ಕಬ್ಬಿನ ಸಾಲಿಗೆ, ಹಿತ್ತಲ ಬಾಗಿಲಿಗೆ ಸುಮ್ಮನೆ ಬಂದು ನಿಲ್ಲುತ್ತದೆ. ಸೇತುವೆ ಮುಳುಗಿ ಗಂಗಾವತಿಯ ಬಸ್ಸು ನಿಂತಾಗ ಪಟ್ಟಣದವರಿಗೆ ನೆರೆ ಬಂದದ್ದು ತಿಳಿಯುತ್ತದೆ. ಹೊಳೆಯ ನಡುವಿನ ಗಡ್ಡೆಯಲ್ಲಿ ಮೆಣಸಿನಕಾಯಿ ಬೆಳೆಯುವ ನಮಗೆ ಅದಕ್ಕಿಂತ ಮೊದಲೇ ತಿಳಿಯಬೇಕು. ತಿಳಿಸುತ್ತಿದ್ದವನು ಬಸವಣ್ಣ.

ದಂಡೆಯ ಮೇಲೆ ಹೊಳೆಯತ್ತ ಮುಖ ಮಾಡಿ ಕುಳಿತ ಕಲ್ಲಿನ ಬಸವ. ಯಾರು ಕೂರಿಸಿದರೋ ಗೊತ್ತಿಲ್ಲ, ಆದರೆ ಅಳತೆ ನೋಡಿಯೇ ಕೂರಿಸಿದ್ದಾರೆ. ನೀರು ಅವನ ಮಡಿಚಿದ ಕಾಲಿನ ಗೊರಸು ಮುಟ್ಟಿದರೆ ಗಡ್ಡೆಯಲ್ಲಿದ್ದವರೆಲ್ಲ ಈಚೆ ಬರಬೇಕು. ದಂಡೆಯ ಮನೆಯ ಹಿರಿಯ ಹೆಂಗಸು ಹೊಳೆತಾಯಿ ಗಂಗವ್ವನಿಗೆ ಕಾಯಿ ಒಡೆದು ಕೂಗು ಹಾಕುತ್ತಾಳೆ, ಆಮೇಲೆ ಯಾರೂ ಹರಿಗೋಲಿಗೆ ಕೈ ಹಚ್ಚುವಂತಿಲ್ಲ. ಕೊರಳಿನ ಗಂಟೆ ಮುಟ್ಟಿದರೆ ದನ ಬಿಚ್ಚಬೇಕು. ಮೂಗು ಮುಳುಗಿದರೆ ಮನೆ ಬಿಡಬೇಕು. ಎರಡು ಸಾವಿರದ ಒಂಬತ್ತರ ನೆರೆಯಲ್ಲಿ ಅವನ ಬೆನ್ನ ಮೇಲೆ ಉಬ್ಬಿದ ಇಣಿಯೂ ಕಾಣಲಿಲ್ಲ. ಆದರೆ ಅದು ಮುಳುಗುವ ಹೊತ್ತಿಗೆ ಊರಿನಲ್ಲಿ ಒಂದು ಕೋಳಿಯೂ ಇರಲಿಲ್ಲ, ಎಲ್ಲರೂ ಏರಿನ ಮೇಲಿದ್ದೆವು. ಅಣೆಕಟ್ಟೆಯ ಗೇಟಿನ ಸರಪಳಿ ಹರಿಯಿತೆಂದು ನಾಡೆಲ್ಲ ಟಿವಿ ಮುಂದೆ ಕುಳಿತಿದ್ದ ವರ್ಷವೂ ನಾವು ಟಿವಿ ನೋಡಲಿಲ್ಲ. ಬಸವಣ್ಣನ ಕಾಲು ನೋಡಿದೆವು.

ಅಂಥವನ ಹತ್ತಿರ ನೀವು ಕ್ರೇನ್ ತಂದಿರಿ. ನುಣುಪಾದ ಗ್ರಾನೈಟ್ ಕಟ್ಟೆ, ಸ್ಟೀಲಿನ ಕಂಬಿ, ಬಣ್ಣದ ದೀಪ. ಮೂರ್ತಿ ನೀರಿನಲ್ಲಿ ನೆನೆದು ಹಾಳಾಗುತ್ತದೆ, ಮೇಲಿದ್ದರೆ ಫೋಟೊ ಚೆಂದ ಬರುತ್ತದೆ ಎಂದು ಉದ್ಘಾಟನೆಯ ದಿನ ಭಾಷಣ ಮಾಡಿದಿರಿ. ನಾವೂ ಚಪ್ಪಾಳೆ ತಟ್ಟಿದೆವು, ಸುಳ್ಳೇಕೆ ಹೇಳಲಿ? ದೇವರು ಮೇಲೇರಿದರೆ ಯಾರು ಬೇಡ ಅಂದಾರು? ನೀರಿನಲ್ಲಿ ತೋಯುವುದೇ ಕೆಲಸವಾಗಿದ್ದವನನ್ನು ನೀರಿನಿಂದ ಕಾಪಾಡಿದ ಕೀರ್ತಿ ನಿಮ್ಮದು. ಈಗ ಅವನ ಗೊರಸು ಒದ್ದೆಯಾಗುವ ಹೊತ್ತಿಗೆ, ಹಳೆಯ ಲೆಕ್ಕದಲ್ಲಿ ಇಣಿ ಮುಳುಗಿರುತ್ತದೆ.

ಕಳೆದ ಶ್ರಾವಣದ ಒಂದು ಮಧ್ಯಾಹ್ನ. ಯಲ್ಲೇಶ್ ತೋರಣಗಲ್ಲಿನ ಕಾರ್ಖಾನೆಯಲ್ಲಿ ಗುತ್ತಿಗೆ ಕೆಲಸದವನು. ಶಿಫ್ಟ್ ಮುಗಿಸಿ ಬಸ್ಸಿಳಿದು ನೇರ ಹೊಳೆಗೆ ಬಂದ. ಗಡ್ಡೆಯಲ್ಲಿ ಅವನ ನೀರೆತ್ತುವ ಮೋಟರ್ ಇತ್ತು. ಹೆಂಡತಿ ಹೇಮಾವತಿ ಬುತ್ತಿ ಹಿಡಿದು ದಂಡೆಯಲ್ಲಿ ನಿಂತಿದ್ದಳು, ನಾನೂ ಅಲ್ಲೇ ಇದ್ದೆ.

"ಉಂಡು ಹೋಗ್ರಿ. ಫೋನಿಗೆ ಬ್ಯಾರೆ ಡ್ಯಾಮಿನ ನೀರಿಂದು ಏನೋ ಮೆಸೇಜ್ ಬಂದೈತಿ," ಎಂದಳು.

"ಅದು ದಿನಾ ಬರ್ತೈತಿ. ಇಷ್ಟು ಸಾವಿರ, ಅಷ್ಟು ಲಕ್ಷ ಅಂತ. ನಮ್ಮ ಮಾವನ ಈಜಿನ ಕಥಿ ಇದ್ದಂಗ, ದಿನಕ್ಕೊಂದು ಲೆಕ್ಕ," ಎಂದು ನನ್ನ ಕಡೆ ನೋಡಿ ನಕ್ಕ.

"ಲೇ, ನೀರು ಕೆಂಪಗೈತಿ, ಹೊಸ ನೀರು," ಎಂದೆ ನಾನು.

"ಐತಿ ಮಾವ. ಬಸವಣ್ಣನ ಗೊರಸು ನೋಡು, ಒಣಾ ಐತಿ. ಜಲ್ದಿ ಬಿಚ್ಕೊಂಡು ಬಂದುಬಿಡ್ತೀನಿ."

ನೋಡಿದೆವು. ಅವನೂ ನೋಡಿದ, ಅವಳೂ ನೋಡಿದಳು, ದಂಡೆಯಲ್ಲಿದ್ದವರೆಲ್ಲ ನೋಡಿದರು. ಗೊರಸು ಒಣಗಿತ್ತು. ಬಸವಣ್ಣ ಮೇಲೆ ಹೋಗಿದ್ದಾನೆಂದು ಯಾರಿಗೆ ಗೊತ್ತಿರಲಿಲ್ಲ? ಆ ಹೊಸ ಕಟ್ಟೆಯ ಮೆಟ್ಟಿಲುಗಳ ಮೇಲೆ ಕುಳಿತೇ ನಾವು ಸಂಜೆ ಹರಟೆ ಹೊಡೆಯುತ್ತಿದ್ದೆವು. ಬುದ್ಧಿಗೆ ಗೊತ್ತಿತ್ತು ಸ್ವಾಮಿ, ಕಣ್ಣಿಗೆ ಗೊತ್ತಿರಲಿಲ್ಲ. ತಾತ ಮುತ್ತಾತರ ಕಾಲದಿಂದ ಗೊರಸು ಒಣಗಿದ್ದರೆ ಹೋಗು, ತೋಯ್ದಿದ್ದರೆ ನಿಲ್ಲು ಎಂದು ಕಲಿತ ಕಣ್ಣು ಅದು. ನಿಮ್ಮ ಕ್ರೇನ್ ಕಲ್ಲನ್ನು ಎತ್ತಿತು. ನಮ್ಮ ಕಣ್ಣನ್ನು ಎತ್ತಲಿಲ್ಲ.

ಅವನು ಮೋಟರ್ ಬಿಚ್ಚುತ್ತಿದ್ದುದು ಈ ದಡಕ್ಕೆ ಕಾಣುತ್ತಿತ್ತು. ಗಡ್ಡೆ ಸಣ್ಣದಾಗುತ್ತ ಬಂತು. ಮೋಟರನ್ನು ಹರಿಗೋಲಿಗೆ ಹಾಕಿಕೊಂಡು ಹೊರಟಾಗ ಹೇಮಾವತಿ, "ಮೋಟರ್ ಒಗೀರಿ, ನೀವು ಬರ್ರಿ," ಎಂದು ಕೂಗುತ್ತಿದ್ದಳು. ಕೇಳಿಸಿತೋ ಇಲ್ಲವೋ. ಹರಿಗೋಲು ಎರಡು ಸುತ್ತು ತಿರುಗಿತು. ಆಮೇಲೆ ಬರೀ ನೀರು. ಹೊಳೆಯ ಹುಲಿ ನಾನು ಎದೆಮಟ್ಟದ ನೀರಿಗೆ ಇಳಿದೆ. ನಾಲ್ಕು ಜನ ಹಿಡಿದು ಎಳೆದು ಹಾಕಿದರು. ನೆರೆ ಇಳಿದ ಮೇಲೆ ಅವನು ಕೆಳಗಿನ ಜಾಲಿಮುಳ್ಳಿನಲ್ಲಿ ಸಿಕ್ಕ. ಕಾರ್ಖಾನೆಯ ಗುರುತಿನ ಚೀಟಿ ಕೊರಳಲ್ಲೇ ಇತ್ತು, ಅದರಿಂದ ಗುರುತು ಹಿಡಿದೆವು. ಮುಖದಿಂದಲ್ಲ.

ಆ ಇಡೀ ಮಧ್ಯಾಹ್ನ ಬಸವಣ್ಣನ ಗೊರಸಿಗೆ ಒಂದು ಹನಿಯೂ ತಾಗಲಿಲ್ಲ. ನಿಮ್ಮ ಕಾಮಗಾರಿಯ ಗುಣಮಟ್ಟವನ್ನು ನಾನು ಅಲ್ಲಗಳೆಯುವುದಿಲ್ಲ.

ಹೇಮಾವತಿಯನ್ನು ಕರೆದುಕೊಂಡು ನಿಮ್ಮ ಕಚೇರಿಗೆ ಬಂದೆ. ನೀವು ಮೀಟಿಂಗಿನಲ್ಲಿದ್ದಿರಿ. ನಿಮ್ಮ ಕೈಕೆಳಗಿನವರು, "ಎಷ್ಟು ಕ್ಯೂಸೆಕ್ ಅಂತ ಎಲ್ಲರಿಗೂ ಮೆಸೇಜ್ ಹೋಗೈತ್ರಿ. ಬಸವಣ್ಣ ಸರ್ಕಾರದ ಅಳತೆಗೋಲು ಅಲ್ಲಲ್ರಿ," ಎಂದರು.

"ಅಲ್ದಿದ್ರ ಅವನ್ನ ಯಾಕ ಮುಟ್ಟಿದ್ರಿ ಸಾಹೇಬ್ರ? ಅಲ್ಲೇ ಬಿಡಬೇಕಿತ್ತು," ಎಂದೆ.

ಹೇಮಾವತಿ ಜಗಳ ಮಾಡಲಿಲ್ಲ. "ಆ ಮೆಸೇಜಿನ ನೀರು ಬಸವಣ್ಣನ ಎಲ್ಲಿಗೆ ಬರ್ತೈತಿ ಅಂತ ಒಂದು ಮಾತು ಬರದಿದ್ರ ಸಾಕಿತ್ರಿ," ಎಂದಷ್ಟೇ ಹೇಳಿದಳು. ಅವರು ಫ್ಯಾನಿನ ಕಡೆ ನೋಡಿದರು. ಮೃತನು ಎಚ್ಚರಿಕೆಯನ್ನು ನಿರ್ಲಕ್ಷಿಸಿದ್ದರಿಂದ ಸಾವು ಸಂಭವಿಸಿದೆ ಎಂದು ಆಮೇಲೆ ನಿಮ್ಮ ಕಚೇರಿ ತಿಳಿಸಿತು. ಮಾನ್ಯರೇ, ಅವನು ನಿರ್ಲಕ್ಷಿಸಲಿಲ್ಲ. ಗಮನವಿಟ್ಟು ನೋಡಿದ. ನೀವು ಕೂರಿಸಿದ ಜಾಗದಲ್ಲಿ ನೋಡಿದ, ಅಷ್ಟೇ.

ಅಲ್ಲಿಂದ ಬಂದವಳು ನಿಮ್ಮ ಗ್ರಾನೈಟ್ ಕಟ್ಟೆಯ ಮೇಲೆ, ಹಿಂದೆ ಗೊರಸು ಇದ್ದ ಮಟ್ಟದಲ್ಲಿ, ಸುಣ್ಣದಿಂದ ಒಂದು ಗೆರೆ ಎಳೆದಳು. ನಿಮ್ಮವರು ಉಜ್ಜಿ ತೊಳೆದರು. ಮತ್ತೆ ಎಳೆದಳು. ಅಂದಗೆಡಿಸಿದರೆ ದಂಡ ಹಾಕಲಾಗುವುದೆಂದು ಬೋರ್ಡು ನೆಟ್ಟಿರಿ. ಗಂಡ ಸತ್ತದ್ದಕ್ಕೆ ಅವಳದೇ ಮನೆಯವರ ತಪ್ಪು, ಇನ್ನೊಬ್ಬರು ಸಾಯದಿರಲೆಂದು ಗೆರೆ ಎಳೆದರೆ ಅದೂ ಅವಳದೇ ತಪ್ಪು. ನಿಮ್ಮ ಕಚೇರಿಯ ಪಾಲಿಗೆ ಏನಾದರೂ ಉಳಿಸುತ್ತೀರೋ, ಎಲ್ಲವನ್ನೂ ಅವಳಿಗೇ ಕೊಡುತ್ತೀರೋ?

ನಮಗೆ ಪರಿಹಾರ ಬೇಡ. ಶಾಲು, ಸಾಂತ್ವನ, ನಿಮ್ಮ ಭೇಟಿ, ಯಾವುದೂ ಬೇಡ. ಘಟ್ಟದಲ್ಲಿ ಮಳೆ ಹಿಡಿಯುವ ಮೊದಲು ಬಸವಣ್ಣನನ್ನು ಅವನ ಹಳೆಯ ಮಟ್ಟಕ್ಕೆ ಇಳಿಸಿ. ದೀಪ ಬೇಕಿದ್ದರೆ ಮೇಲೇ ಇರಲಿ, ಖಾಲಿ ಕಟ್ಟೆಗೆ ಹಾಕಿಕೊಳ್ಳಿ. ಕ್ರೇನ್ ಇಲ್ಲವೆಂದರೆ ಊರಿನ ಗಂಡಸರು ಹಗ್ಗ ಹಿಡಿಯುತ್ತಾರೆ, ಮುಂದಿನ ತುದಿ ನನ್ನದು. ಇಳಿಸುವವರೆಗೂ ಆ ಸುಣ್ಣದ ಗೆರೆಗೆ ನಿಮ್ಮವರು ಬಟ್ಟೆ ಹಚ್ಚಕೂಡದು. ಯಲ್ಲೇಶನ ಪಾಲಿನ ಗಡ್ಡೆಯನ್ನು ಈ ವರ್ಷ ಹೇಮಾವತಿ ಮಾಡುತ್ತಿದ್ದಾಳೆ. ಅವಳು ಅಲ್ಲಿ ಕಳೆ ಕೀಳುವಾಗ ಆಗಾಗ ತಲೆಯೆತ್ತಿ ಈಚೆ ದಡ ನೋಡುತ್ತಾಳೆ. ನೋಡಿದಾಗ ಅವಳಿಗೆ ನಿಜ ಕಾಣಬೇಕು.

ಇಂತಿ,
ಹೊಳೆಯನ್ನು ಗೆದ್ದೆನೆಂದು ಊರೆಲ್ಲ ಹೇಳಿಕೊಂಡು ತಿರುಗಿ,
ಎದೆಮಟ್ಟದ ನೀರಿನಿಂದ ವಾಪಸು ಬಂದ
ಯಲ್ಲೇಶನ ಮಾವ, ಹೊನ್ನೂರಪ್ಪ