ತಗ್ಗುಮನೆಯಿಂದ ಮೈಕ್ ದೀನೋ ಅವರಿಗೆ

ವಾರ್ಜಿಯಾ ಪಟ್ಟಣ, ಬ್ರೆಜಿಲ್
ಇಸವಿ ಎರಡು ಸಾವಿರದ ನೂರ ಹದಿನೇಳು, ಹದಿಮೂರನೆಯ ತಿಂಗಳು

ಮುತ್ತಜ್ಜ ಓಸ್ವಾಲ್ದಿನೋ ಅವರಿಗೆ, ನಿಮ್ಮ ಮಗಳು ನಿಲ್ಸಾಳ ಮೊಮ್ಮಗಳು ಜುರೆಮಾ ಮಾಡುವ ನಮಸ್ಕಾರಗಳು.

ತಾರೀಕು ನೋಡಿ ನನ್ನನ್ನು ಹುಚ್ಚಿ ಎಂದುಕೊಳ್ಳಬೇಡಿ. ಜೋರುಮಳೆಯ ದಿನಗಳನ್ನೆಲ್ಲ ಬೇರೆ ಮಾಡಿ ನಾವು ಹದಿಮೂರನೆಯ ತಿಂಗಳೊಂದನ್ನು ಮಾಡಿಕೊಂಡಿದ್ದೇವೆ. ಆ ತಿಂಗಳಲ್ಲಿ ಮದುವೆಯಿಲ್ಲ, ಶಾಲೆಯಿಲ್ಲ, ಯಾರೂ ಬಾಗಿಲಿಗೆ ಚಿಲಕ ಹಾಕುವುದಿಲ್ಲ. ಈ ಕಾಗದ ಬರುತ್ತಿರುವುದು ಹಿಂದಂಚೆಯಲ್ಲಿ. ಇಲ್ಲಿ ಒಂದೊಂದು ಸಾಲು ಬರೆದ ಹಾಗೇ ಅದು ಆ ಕ್ಷಣದಲ್ಲೇ ಹಿಂದಿನ ಕಾಲದವರನ್ನು ತಲುಪುತ್ತದೆ. ಒಬ್ಬರಿಗೆ ಜೀವಮಾನದಲ್ಲಿ ಒಂದೇ ಕಾಗದ. ನನ್ನದನ್ನು ನಿಮಗೆ ಖರ್ಚು ಮಾಡುತ್ತಿದ್ದೇನೆ. ಮಾತು ವಿಚಿತ್ರವೆನಿಸಿದರೆ ಮನ್ನಿಸಿ.

ನಿಮ್ಮ ರಾಜಕೀಯದ ಕಥೆಯನ್ನು ನಿಲ್ಸಜ್ಜಿ ನಗುತ್ತಲೇ ಹೇಳುತ್ತಿದ್ದಳು. ಕಾರಿನ ಮೇಲೆ ಧ್ವನಿವರ್ಧಕ ಕಟ್ಟಿಕೊಂಡು ಊರೆಲ್ಲ ಸುತ್ತಿ, ಯಾರು ತೀರಿಕೊಂಡರು, ಮಣ್ಣು ಎಷ್ಟು ಹೊತ್ತಿಗೆ, ಯಾವ ಅಂಗಡಿಯಲ್ಲಿ ಕೋಳಿ ಅಗ್ಗ ಎಂದು ಸಾರುತ್ತಿದ್ದಿರಂತೆ. ಚುನಾವಣೆಗೆ ನಿಂತಾಗಲೂ ಮೈಕ್ ದೀನೋ ಎಂದೇ ಹೆಸರು ಕೊಟ್ಟಿರಿ, ಕೌನ್ಸಿಲರ್ ಆದಿರಿ. ಆಂಬುಲೆನ್ಸ್ ಕರೆಸುವುದು, ಮುದುಕರಿಗೆ ಹಲ್ಲಿನ ಸೆಟ್ಟು ಕೊಡಿಸುವುದು, ಸತ್ತವರ ಹೆಸರನ್ನು ರಸ್ತೆಗಿಡಿಸುವುದು, ಇವುಗಳಲ್ಲಿ ನಿಮ್ಮದು ಎತ್ತಿದ ಕೈ. ಮತ್ತೆ ಮತ್ತೆ ಗೆದ್ದಿರಿ.

ಈಗ ನಿಮ್ಮ ಸಭೆಯ ಮುಂದೆ ಗಾರ್ಸಾ ಹೊಳೆಯ ವಿಷಯ ಬಂದಿದೆ. ಹೊಳೆಯನ್ನು ಕಾಂಕ್ರೀಟ್ ಕೊಳವೆಯೊಳಗೆ ತಳ್ಳಿ, ಮೇಲೆ ರಸ್ತೆ ಮಾಡಿ, ಅದಕ್ಕೆ ನಿಮ್ಮ ತಾಯಿಯ ಹೆಸರಿಡುವುದು. ಸಭೆ ಸಮಸಮವಾಗಿ ಎರಡು ಪಾಲಾಗಿದೆ, ಉಳಿದಿರುವುದು ನಿಮ್ಮ ಕೈಯೊಂದೇ. ಅದನ್ನು ನೀವು ಎತ್ತುತ್ತೀರಿ. ಕೆಲವು ವರ್ಷ ಏನೂ ಆಗುವುದಿಲ್ಲ. ಆಮೇಲೊಂದು ಮಳೆಗೆ ರಸ್ತೆ ಉಬ್ಬುತ್ತದೆ, ಜನ ಗಂಟುಮೂಟೆ ಕಟ್ಟುತ್ತಾರೆ. ಆಗ ನೀವೇ ಕಾರು ತೆಗೆದು, "ಹೆದರಬೇಡ್ರಪ್ಪಾ, ರಸ್ತೆ ಗಟ್ಟಿಯಿದೆ, ಮನೆ ಬಿಡಬೇಡಿ" ಎಂದು ಸಾರುತ್ತೀರಿ. ಊರಿನ ಸಾವುಗಳನ್ನೆಲ್ಲ ಒಂದೂ ತಪ್ಪಿಲ್ಲದೆ ಹೇಳಿದ ದನಿ ಅದು. ಜನ ಗಂಟು ಬಿಚ್ಚುತ್ತಾರೆ. ಸಂಜೆಗೆ ರಸ್ತೆ ಬಾಯಿ ಬಿಡುತ್ತದೆ. ನನಗೆ ಹೊಟ್ಟೆ ಉರಿಯುವುದು ಮುಂದಿನದಕ್ಕೆ: ಅದಾದ ಮೇಲೂ ನೀವೇ ಗೆಲ್ಲುತ್ತೀರಿ. ಬದುಕುಳಿದವರಿಗೆ ಹಾಸಿಗೆ ಹಂಚಿದವರೂ ನೀವೇ ತಾನೆ?

ಕೊನೆಗೆ ಆ ಬೀದಿಯಲ್ಲಿ ಉಳಿದ ಹೆಂಗಸರು ಪಟ್ಟು ಹಿಡಿದು ಒಂದು ಕಾನೂನು ಮಾಡಿಸಿದರು. ಗೆದ್ದ ಕೌನ್ಸಿಲರ್ ವಾರ್ಡಿನ ಅತಿ ತಗ್ಗಿನ ಮನೆಯಲ್ಲಿ ಸಂಸಾರ ಸಮೇತ ಇರಬೇಕು. ನೀರು ಬಂದಾಗ ವಾರ್ಡಿನವರೆಲ್ಲ ಗುಡ್ಡ ಹತ್ತಿದ ಮೇಲೆಯೇ ಹೊರಡಬೇಕು. ಅದನ್ನು ತಗ್ಗುಮನೆ ಎನ್ನುತ್ತೇವೆ. ಇಲ್ಲಿ ಪಾತ್ರೆಗಳು ಸೂರಿನಿಂದ ನೇತಾಡುತ್ತವೆ. ಮಕ್ಕಳು ಸೊಂಟಕ್ಕೆ ಹಗ್ಗ ಕಟ್ಟಿಕೊಂಡು ಮಲಗುತ್ತಾರೆ.

ಈ ಸಲ ಗೆದ್ದವಳು ನಾನು. ಮಗಳು ಇಯಾರಾ ನನ್ನ ಜೊತೆಗಿದ್ದಾಳೆ. ಮುರಿದ ಕೊಳವೆಯನ್ನು ಕೀಳುವುದು ಇವತ್ತಿನವರೆಗೆ ಯಾರಿಂದಲೂ ಆಗಿಲ್ಲ; ಹೊಳೆ ತನಗೆ ಬೇಕಾದ ಬೀದಿಯಲ್ಲಿ ಹರಿಯುತ್ತದೆ. ಬೆಳಗ್ಗೆಯಿಂದ ಅದು ಏರುತ್ತಿದೆ. ಮನೆಮನೆಗೆ ಹೋಗಿ "ಹೊರಡಿ, ಹೊರಡಿ" ಎಂದು ಗಂಟಲು ಹರಿದುಕೊಂಡೆ. "ನಿನ್ನ ಮುತ್ತಜ್ಜನೂ ಹೀಗೇ ಕೂಗಿ ಜನರನ್ನು ನಂಬಿಸಿದ್ದನಂತಲ್ಲ, ಹೋಗಮ್ಮಾ" ಎಂದು ಕದ ಮುಚ್ಚಿಕೊಂಡರು. ಅವರು ಹೊರಡದೆ ನಾವು ಹೊರಡುವಂತಿಲ್ಲ. ನನಗೆ ಭಯವಾಗುತ್ತಿದೆ, ಮುತ್ತಜ್ಜ.

ಕೋರಿಕೆ ಇಷ್ಟೇ. ಸಭೆಗೆ ಹೋಗುವ ಮೊದಲು ನಿಲ್ಸಾಳನ್ನು ಕರೆದುಕೊಂಡು ಹೊಳೆಯಂಚಿನ ಕೊನೆಯ ಮನೆಯಲ್ಲಿ ಒಂದು ಮಳೆ ಕಳೆಯಿರಿ. ಆಮೇಲೆ ಕೈ ಎತ್ತಬೇಕೆನಿಸಿದರೆ ಎತ್ತಿ. ಎತ್ತದಿದ್ದರೆ ತಗ್ಗುಮನೆಯೇ ಇರುವುದಿಲ್ಲ, ಈ ಕಾಗದ ಬರೆಯುವ ಕಾರಣವೂ ಇರುವುದಿಲ್ಲ. ಹಾಳೆ ನನ್ನ ಕೈಯಿಂದ ಮಾಯವಾಗಬೇಕು. ಅದಕ್ಕೇ ನಿಧಾನವಾಗಿ ಬರೆಯುತ್ತಿದ್ದೇನೆ, ನಿಮಗೆ ಯೋಚಿಸಲು ಸಮಯ ಸಿಗಲಿ ಎಂದು.

ಹಾಳೆ ಇನ್ನೂ ಕೈಯಲ್ಲೇ ಇದೆ. ಇಯಾರಾ ಕಾಲು ಮೇಲೆತ್ತಿಕೊಂಡಳು.