ಮೇಕೆಗೆ ಹೇಳಿದ ಮಾತು

ಆಗಸ್ಟ್ ೧೩, ಮಂಗಳವಾರ

ಅತ್ತೆಯ ಜ್ವರ ಇವತ್ತೂ ಇಳಿಯಲಿಲ್ಲ. ಬೆಳಗಿನಿಂದ ನಮ್ಮ ಕಾಡಿನ ಮಾತಿನಲ್ಲೇ ಕೂಗುತ್ತಿದ್ದರು. ಆ ಮಾತು ಬಲ್ಲವರು ಈ ಭೂಮಿಯ ಮೇಲೆ ಈಗ ಇಬ್ಬರೇ, ಅವರು ಮತ್ತು ನಾನು. ಆದರೆ ನಮ್ಮ ಕಟ್ಟಳೆಯಲ್ಲಿ ಅಳಿಯನಾದವನು ಅತ್ತೆಯ ಮುಖ ನೋಡುವಂತಿಲ್ಲ, ಅವರೊಡನೆ ನೇರವಾಗಿ ಮಾತಾಡುವಂತಿಲ್ಲ. ಮೂವತ್ತು ವರ್ಷ ಅವರ ಮಾತು ನನಗೆ, ನನ್ನ ಮಾತು ಅವರಿಗೆ ಮುಟ್ಟಿಸಿದವಳು ನನ್ನ ಹೆಂಡತಿ ಸಿನಾಂತೆ. ಅವಳನ್ನು ಮಣ್ಣು ಮಾಡಿ ಮೂರು ತಿಂಗಳಾಯಿತು.

ಮಗಳು ರೆಸಿಯನ್‌ಗೆ ಸುತ್ತಲಿನವರ ಮಾಸಾಯಿ ಬರುತ್ತದೆ, ಸ್ವಾಹಿಲಿ ಬರುತ್ತದೆ, ಶಾಲೆಯ ಇಂಗ್ಲಿಷೂ ಬರುತ್ತದೆ. ಇದೊಂದು ಬಾರದು. ಸಂತೆಯಲ್ಲಿ ಜನ ನಗುತ್ತಾರೆಂದು ನಾನೇ ಕಲಿಸಲಿಲ್ಲ. ಥೂ, ನನ್ನ ಜನ್ಮಕ್ಕೆ.

ಮಧ್ಯಾಹ್ನ ಓಡಿ ಬಂದಳು. "ಅಪ್ಪಾ, ಅಜ್ಜಿ ಏನ್ ಕೇಳ್ತಿದಾಳೆ?"

"ಯಾರಾದ್ರೂ ಇದೀರಾ ಅಂತ."

"ನಾನಿದೀನಿ ಅಂತ ಹತ್ ಸಲ ಹೇಳ್ದೆ. ಮಾಸಾಯೀಲಿ ಹೇಳಿದ್ರೆ ಮುಖ ತಿರುಗಿಸ್ತಾಳೆ."

ತಡೆಯಲಾಗಲಿಲ್ಲ. ಅತ್ತೆ ಮಲಗಿದ್ದ ಗುಡಿಸಲಿನ ಗೋಡೆಯ ಹೊರಗೆ ಮೇಕೆ ಕಟ್ಟಿತ್ತು. ಅದರೆದುರು ಕುಕ್ಕರಗಾಲಲ್ಲಿ ಕೂತು ನಮ್ಮ ಮಾತಿನಲ್ಲಿ ಗಟ್ಟಿಯಾಗಿ ಅಂದೆ: "ಏ ಮೇಕೆ, ಅತ್ತೆಗೆ ಹೇಳು, ನಾನಿದೀನಿ ಅಂತ."

ಒಳಗೆ ಕೂಗು ನಿಂತಿತು. ಸ್ವಲ್ಪ ಹೊತ್ತಿಗೆ ಅತ್ತೆಯ ದನಿ: "ಏ ಮೇಕೆ, ಅಳಿಯನ್ನ ಕೇಳು, ಇಷ್ಟು ದಿನ ಬಾಯಲ್ಲಿ ಜೇನು ಗೂಡು ಕಟ್ಟಿತ್ತಾ ಅಂತ."

ನಕ್ಕರು. ನಗುತ್ತಲೇ ಕೆಮ್ಮಿದರು. ಸಂಜೆಯಿಂದ ಮಾತಿಲ್ಲ, ಬರೀ ಏದುಸಿರು.

ಮೇಕೆಯನ್ನು ದೊಡ್ಡಿಗೆ ಸೇರಿಸುತ್ತೇನೆಂದು ರೆಸಿಯನ್ ಬಂದಳು. ಬೇಡವೆಂದೆ. ಅತ್ತೆಯೂ ಹೋದಮೇಲೆ ಅದರೆದುರು ಕೂರಬಹುದು, ಏ ಮೇಕೆ, ಹೇಳು ಅನ್ನಬಹುದು. ಆದರೆ ಯಾರಿಗೆ ಹೇಳು ಅನ್ನಲಿ?