ಉಸ್ತಾನ ಬಿಳಿ ಲಂಗ

ಪ್ರೀತಿಯ ಸಿಸಿಲಿ ಮೌಶಿಗೆ,

ಸೌದಿಯ ಅಭಾದ ಗುಡ್ಡದ ಮೇಲಿಂದ ನಿಮ್ಮ ಲ್ಯಾನ್ಸಿ. ನಿಮ್ಮ ಕುಶಲ ಕೇಳುವುದಿಲ್ಲ. ನೀವೀಗ ಇರುವಲ್ಲಿ ಮಂಡಿನೋವಿಲ್ಲ ಎಂದು ಪಾದ್ರಿಗಳು ಭರವಸೆ ಕೊಟ್ಟಿದ್ದಾರೆ. ಆದ್ದರಿಂದ ನೇರವಾಗಿ ಪಾಪನಿವೇದನೆಗೆ ಬರುತ್ತೇನೆ. ನಾನು, ಮಂಗಳೂರಿನ ಬಿ.ಎ. ಪದವೀಧರ, ಇಲ್ಲಿನ ಆಸ್ಪತ್ರೆಯ ಉಗ್ರಾಣದ ಗುಮಾಸ್ತ, ಸ್ವಸ್ಥ ಬುದ್ಧಿಯಿಂದಲೂ ಸ್ವಂತ ಕೈಯಿಂದಲೂ, ನೆಲ ಒರೆಸುವ ಬಟ್ಟೆಯಾಗಲು ಕಾದಿದ್ದ ಒಂದು ಕಟ್ಟು ಹಳೆಯ ಹಾಸಿಗೆ ಬಟ್ಟೆಗಳನ್ನು ಕದ್ದಿದ್ದೇನೆ. ಹೆದರಿಕೆಯೇನೂ ಇಲ್ಲ. "ಕದ್ದದ್ದಲ್ಲ ಪುತಾ, ಉಳಿದದ್ದು" ಎಂದು ಆ ಲೋಕದ ನ್ಯಾಯಾಲಯದಲ್ಲಿ ನೀವು ನನ್ನ ಪರ ವಾದಿಸುವಿರಿ ಎಂಬ ಧೈರ್ಯವಿದೆ. ನನ್ನ ಬಾಲ್ಯದ ಅಂಗಿಗಳೆಲ್ಲ ನೀವು ಹೊಲಿಯುತ್ತಿದ್ದ ಗಿರಾಕಿಗಳ ಬಟ್ಟೆಯಲ್ಲಿ 'ಉಳಿದದ್ದ'ರಿಂದಲೇ ಆದವಲ್ಲವೇ? ಕಾಲರು ಒಂದು ಮದುವೆಯದು, ಕಿಸೆ ಇನ್ನೊಂದು ಮದುವೆಯದು. ಊಟಕ್ಕೆ ಕರೆಯದವರ ಮದುವೆಗಳನ್ನೆಲ್ಲ ನಾನು ಮೈಮೇಲೆ ಹೊತ್ತು ಮೆರೆದೆ.

ಕದ್ದದ್ದು ಯಾಕೆ? ಎದೆ ಗಟ್ಟಿ ಮಾಡಿಕೊಳ್ಳಿ. ಅರುವತ್ತು ದಾಟಿದ ಒಬ್ಬ ತುರ್ಕಿ ಬಡಗಿಗೆ ಲಂಗ ಹೊಲಿಯಲಿಕ್ಕೆ! ಅವನು ಅದನ್ನುಟ್ಟು ಬುಗುರಿಯ ಹಾಗೆ ಸುತ್ತಿದ. ಆ ವೃತ್ತದಲ್ಲಿ ತುರ್ಕಿಯವನಲ್ಲದ ಒಬ್ಬನೇ ಒಬ್ಬ ಸುತ್ತಿದ್ದರೆ ಅದು ನಿಮ್ಮ ಲ್ಯಾನ್ಸಿ. ಹೌದು, ನಾನೂ ಸುತ್ತಿದೆ. ಉಳ್ಳಾಲದ ಹಮೀದ್ ಸಾಕ್ಷಿ. ಅಭಾದಲ್ಲಿರುವ ನಮ್ಮೂರಿನವರಿಗೆಲ್ಲ ಈ ಸುದ್ದಿಯನ್ನು ಈಗಾಗಲೇ ಹಂಚಿದ್ದೇನೆ, ನಿಮಗೆ ಮಾತ್ರ ತಡವಾಯಿತು.

ಹಮೀದ್ ನಮ್ಮ ಆಸ್ಪತ್ರೆಯ ಪಿಕಪ್ ಓಡಿಸುವವನು. ಹೊಸ ಕಟ್ಟಡ ಕಟ್ಟುತ್ತಿರುವ ತುರ್ಕಿಯವರ ಕ್ಯಾಂಪಿಗೆ ಸಾಮಾನು ಸಾಗಿಸುವುದರಿಂದ ಅಲ್ಲಿನ ಸುದ್ದಿಯೂ ಅವನ ಗಾಡಿಯಲ್ಲೇ ಬರುತ್ತದೆ. ಅಲ್ಲಿನ ಬಡಗಿಗಳ ಮೇಸ್ತ್ರಿ ಯೂಸುಫ್ ಉಸ್ತಾ ತುರ್ಕಿಯ ಕೊನ್ಯಾ ಊರಿನವನು. ಉಸ್ತಾ ಎಂದರೆ ಅವರಲ್ಲಿ ಕಸುಬು ಬಲ್ಲ ಹಿರಿಯ. ಸೂಫಿಗಳ ಹಾಗೆ ದೇವರ ಧ್ಯಾನದಲ್ಲಿ ಸುತ್ತುವುದನ್ನು ಅವನಿಗೆ ಕಲಿಸಿದ ಮುದಿ ಗುರು ಊರಿನಲ್ಲಿ ತೀರಿಕೊಂಡಿದ್ದ. ನಲವತ್ತನೆಯ ದಿನ ಶಿಷ್ಯರೆಲ್ಲ ಸೇರಿ ಗುರುವಿನ ಹೆಸರಿನಲ್ಲಿ ಸುತ್ತುತ್ತಾರಂತೆ. ಉಸ್ತಾನಿಗೆ ಹೋಗುವ ಹಾಗಿಲ್ಲ. ಪಾಸ್‌ಪೋರ್ಟು ಕೆಲಸಕ್ಕೆ ಕರೆಸಿಕೊಂಡ ಧಣಿ ಕಫೀಲನ ಕಪಾಟಿನಲ್ಲಿ, ಕಫೀಲ ರಿಯಾದಿನಲ್ಲಿ. ಹಾಗಾದರೆ ಅದೇ ದಿನ ಇಲ್ಲೇ ಸುತ್ತುತ್ತೇನೆ ಎಂದು ಮುದುಕ ಹಟ ಹಿಡಿದಿದ್ದ. ಉದ್ದನೆಯ ಉಣ್ಣೆಯ ಟೊಪ್ಪಿ ಪೆಟ್ಟಿಗೆಯಲ್ಲಿತ್ತು. ಲಂಗ ಮಾತ್ರ ಊರಿನಲ್ಲೇ ಉಳಿದಿತ್ತು. ಪೇಟೆಯ ದರ್ಜಿಗೆ ಕೊಟ್ಟರೆ ಗಂಡಸಿಗೆ ಲಂಗ ಯಾಕೆ ಎಂಬ ಪ್ರಶ್ನೆ ಏಳುತ್ತದೆ. ಇಲ್ಲಿ ಇಂಥದ್ದೆಲ್ಲ ನಾಲ್ಕು ಗೋಡೆಯ ಒಳಗೇ ಆಗಬೇಕು.

ಹಮೀದ್ ಬಂದು ನನ್ನ ಮೇಜಿನ ಮೇಲೆ ಕೂತ. "ಪಾದ್ರಿಗಳ ನಿಲುವಂಗಿ ಹೊಲಿದ ಮನೆಯವ ನಾನು ಅಂತ ಕ್ಯಾಂಪಿಡೀ ಸಾರಿದ್ದು ನೀನೇ ಅಲ್ವಾ ಮಾರಾಯ? ಈಗ ಹೊಲಿ."

ಹೊಲಿದದ್ದು ನಾನಲ್ಲ, ನನ್ನ ಮೌಶಿ ಎಂದೆ.

"ಮೌಶಿಯನ್ನು ಎಲ್ಲಿಂದ ತರುವುದು ಈಗ?" ಎಂದವನು, ಅರ್ಧದಲ್ಲೇ ನಾಲಗೆ ಕಚ್ಚಿಕೊಂಡ.

ನಿಮ್ಮ ಸುದ್ದಿಯ ಟೆಲಿಗ್ರಾಂ ಬಂದ ದಿನ ಅದನ್ನು ಓದಿ ಹೇಳಿದ್ದು ಹಮೀದನೇ. ನನ್ನ ಕನ್ನಡಕ ಸಿಕ್ಕಲಿಲ್ಲ. ಅದು ನನ್ನ ಮೂಗಿನ ಮೇಲೇ ಇತ್ತು ಎಂದು ಅವನು ಈಗಲೂ ಹೇಳುತ್ತಾನೆ. ನನ್ನ ಪಾಸ್‌ಪೋರ್ಟಿಗೆ ಹೊರಡುವ ಮುದ್ರೆ ಬೀಳುವಷ್ಟರಲ್ಲಿ ನಿಮ್ಮ ತಿಂಗಳ ಪೂಜೆಯೂ ಮುಗಿದಿತ್ತು. ಹೋಗಿ ಏನು ಮಾಡಲಿ ಎಂದು ಹೋಗಲಿಲ್ಲ. ಆ ಇಡೀ ವಾರ ಗಾಜಿನ ಸಿರಿಂಜುಗಳನ್ನು ಎಣಿಸುತ್ತ ಕೂತೆ, ಅಳಲಿಲ್ಲ, ಎಣಿಕೆ ತಪ್ಪಲೂ ಇಲ್ಲ. ಈಗ ಹೇಳಿ, ಗುರುವಿನ ನಲವತ್ತಕ್ಕೆ ಹೋಗಲಾಗದ ಒಬ್ಬ ಮುದುಕನಿಗೆ ಆಗುವುದಿಲ್ಲ ಎನ್ನಲು ನನಗೆ ಯಾವ ಬಾಯಿ ಇತ್ತು?

ನೀವು ನನ್ನನ್ನು ಕಾಲೇಜಿಗೆ ಸೇರಿಸಿದ ದಿನ ನೆನಪಿದೆಯೇ? "ಇನ್ನು ನೀನು ಸೂಜಿ ಮುಟ್ಟಬಾರದು" ಎಂದು ನನ್ನ ಕೈಯಿಂದ ಸೂಜಿ ಕಿತ್ತುಕೊಂಡಿರಿ. ನಾನೂ ಎಷ್ಟು ವಿಧೇಯನೆಂದರೆ ಆಮೇಲೆ ಒಂದು ಗುಂಡಿಯನ್ನೂ ಹಾಕಲಿಲ್ಲ. ಈಗ ಕೋಣೆಯ ನೆಲದ ಮೇಲೆ ಹಾಸಿಗೆ ಬಟ್ಟೆ ಹರಡಿ ಕೂತಾಗ ಗೊತ್ತಾಯಿತು, ಬಿ.ಎ. ಎಂದರೆ ಬಟ್ಟೆ ಅಳೆಯುವುದು. ಷೇಕ್ಸ್‌ಪಿಯರನ ಸಹವಾಸದಿಂದ ಲಂಗದ ಸುತ್ತಳತೆಯ ಘೇರು ಎಷ್ಟಿರಬೇಕೆಂದು ತಿಳಿಯುವುದಿಲ್ಲ. ಹೊಲಿಗೆ ಯಂತ್ರವೂ ಇಲ್ಲ. ಇದ್ದದ್ದು ನೀವು ಕಳಿಸಿದ ಕೊನೆಯ ಕ್ಯಾಸೆಟ್ಟು. ಕಾಗದ ಬರೆಯಲು ಬೇಸರವೆಂದು ನೀವು ಹೊಲಿಗೆ ಯಂತ್ರದ ಪಕ್ಕದಲ್ಲೇ ಟೇಪ್ ರೆಕಾರ್ಡರು ಇಟ್ಟು ಮಾತಾಡಿದ್ದೀರಲ್ಲ, ಅದು. ನಿಮ್ಮ ಮಾತಿಗಿಂತ ಯಂತ್ರದ ಮಾತೇ ಹೆಚ್ಚು. ಅದನ್ನು ಹಾಕಿಕೊಂಡು ಕೈಹೊಲಿಗೆ ಶುರು ಮಾಡಿದೆ. ನಿಮ್ಮ ಯಂತ್ರ ಕಟಕಟ ಎಂದು ಓಡುತ್ತಿತ್ತು, ನನ್ನ ಕೈ ಅದರ ಹಿಂದೆ ಕುಂಟುತ್ತಿತ್ತು. ಮಧ್ಯದಲ್ಲಿ ನಿಮ್ಮ ಹೊಲಿಗೆ ಕ್ಲಾಸಿನ ಯಾವುದೋ ಹುಡುಗಿಗೆ ಗದರುತ್ತೀರಿ: "ಏ ಹೆಣ್ಣೇ, ಅಂಗಿಯ ತೋಳು ಮಡಚಿ ಕೂತುಕೋ, ಇಲ್ಲದಿದ್ದರೆ ನಿನ್ನನ್ನು ನೀನೇ ಸೇರಿಸಿ ಹೊಲಿದುಬಿಡ್ತೀಯ." ಪ್ರತಿ ಸಲವೂ ನಗುತ್ತಿದ್ದೆ. ಬೇರೆಯವರಿಗೆ ಬೈಗುಳ ಬಿದ್ದರೆ ನನಗೆ ಯಾವಾಗಲೂ ಖುಷಿ.

ಅಳತೆ ನೋಡಲು ಹಮೀದನಿಗೇ ಉಡಿಸಿ ಸುತ್ತು ಎಂದೆ. ಅವನು ಸುತ್ತಿದ. ಲಂಗ ಅರಳಲಿಲ್ಲ, ಮಳೆಗೆ ನೆನೆದ ಕೊಡೆಯ ಹಾಗೆ ಕಾಲಿಗೆ ಸುತ್ತಿಕೊಂಡಿತು, ಹಮೀದ್ ನನ್ನ ಮಂಚದ ಮೇಲೆ ಬಿದ್ದ. "ಇದನ್ನುಟ್ಟರೆ ಉಸ್ತಾ ಗುರುವಿನ ಹತ್ತಿರವೇ ಹೋಗ್ತಾನೆ" ಎಂದ. ನಾನು ತಲೆಗೆ ಕೈಕೊಟ್ಟು ಕೂತಾಗ ನೆನಪಾದದ್ದು ಮೊದಲ ಪರಮಪ್ರಸಾದದ ಹುಡುಗಿಯರ ಬಿಳಿ ಫ್ರಾಕುಗಳು. ಇಗರ್ಜಿಯ ಮೆಟ್ಟಿಲ ಮೇಲೆ ಕಡಲ ಗಾಳಿಗೆ ಫ್ರಾಕು ಹಾರಬಾರದೆಂದು ನೀವು ಅಂಚಿನೊಳಗೆ ದಪ್ಪ ಹತ್ತಿಯ ಹುರಿ ಸೇರಿಸಿ ಹೊಲಿಯುತ್ತಿದ್ದಿರಿ. ಆ ಭಾರಕ್ಕೆ ಫ್ರಾಕು ಗಂಟೆಯ ಹಾಗೆ ದುಂಡಗೆ ನಿಲ್ಲುತ್ತಿತ್ತು. ಅಂಚಿನ ಆ ಸಂಚು ನನಗೆ ಗೊತ್ತಿತ್ತಲ್ಲ! ಹುರಿ ಸಿಗಲಿಲ್ಲ, ಉಗ್ರಾಣದಲ್ಲಿ ಉಳಿದ ಬ್ಯಾಂಡೇಜನ್ನು ಹೊಸೆದು ತುಂಬಿದೆ. (ಅದೂ 'ಉಳಿದದ್ದು'.) ಈ ಸಲ ಹಮೀದ್ ಸುತ್ತಿದಾಗ ಲಂಗ ಎದ್ದು ನಿಂತಿತು, ಹಮೀದನೂ ಎದ್ದೇ ನಿಂತಿದ್ದ. ಹೆಮ್ಮಿಂಗ್ ಮುಗಿದಲ್ಲಿಗೆ ನನ್ನ ಹೆಮ್ಮೆ ಶುರುವಾಯಿತು.

ಮರುದಿನ ಉಸ್ತಾ ಲಂಗ ನೋಡಲು ಬಂದ. ಮಾತು ಕಡಿಮೆಯ ಮನುಷ್ಯ, ಕಿವಿಯ ಮೇಲೆ ಪೆನ್ಸಿಲು. ಹೊಲಿಗೆಯ ಮೇಲೆ ಬೆರಳಾಡಿಸಿ, ಟೊಪ್ಪಿ ತೋರಿಸಿ ಅರಬಿಯಲ್ಲಿ ಏನೋ ಹೇಳಿದ. ಹಮೀದ್ ಅನುವಾದಿಸಿದ. ಆ ಟೊಪ್ಪಿ ಸಮಾಧಿಯ ಕಲ್ಲಂತೆ, ಈ ಲಂಗ ಕಫನ್ ಅಂತೆ. ಸತ್ತವರಿಗೆ ಹೊದಿಸುವ ಬಿಳಿ ಬಟ್ಟೆ. ಇಷ್ಟು ದಿನ ತಮಾಷೆಯಾಗಿ ಹೊಲಿದದ್ದು ಇದನ್ನೇ? ಊರಿಗೆಲ್ಲ ಹೊಲಿದಿರಲ್ಲ ಮೌಶಿ, ನಿಮ್ಮ ಕೊನೆಯ ಬಟ್ಟೆ ಯಾರು ಹೊಲಿದರು? ಅಂಚು ನೀಟಾಗಿ ಮಡಚಿದ್ದರೋ, ಅಥವಾ... ಬಟ್ಟೆಯ ಮೇಲೆ ಒಂದೆರಡು ಹನಿ ಬಿತ್ತು. ಆಸ್ಪತ್ರೆಯ ಬಟ್ಟೆ ಅದು, ಅಭ್ಯಾಸವಿದೆ. ಉಸ್ತಾ ನೋಡದವನ ಹಾಗೆ ಕಿಟಕಿಯ ಚೌಕಟ್ಟು ಸರಿಯಾಗಿದೆಯೇ ಎಂದು ಪರೀಕ್ಷಿಸಿದ.

ಆ ಶುಕ್ರವಾರವೇ ನಲವತ್ತನೆಯ ದಿನ. ಮಧ್ಯಾಹ್ನ ಹಮೀದನ ಪಿಕಪ್ಪಿನಲ್ಲಿ ಕ್ಯಾಂಪಿಗೆ ಹೋದೆವು. ಊಟದ ಕೋಣೆಯ ಮೇಜುಗಳನ್ನು ಗೋಡೆಗೆ ಒರಗಿಸಿ, ಬಾಗಿಲು ಹಾಕಿ, ಪರದೆ ಎಳೆದಿದ್ದರು. ಪರದೆ ಎಳೆದ ಕೋಣೆ ನನಗೆ ಹೊಸದಲ್ಲ, ನಮ್ಮ ಕ್ರಿಸ್ಮಸ್ ಪ್ರಾರ್ಥನೆಯೂ ಇಲ್ಲಿ ಹೀಗೇ. ಬೆಕ್ಕಿನ ಹೆಜ್ಜೆಯಲ್ಲಿ ಬಂದು ಒಬ್ಬೊಬ್ಬರೇ ಗೋಡೆಯ ಪಕ್ಕ ಕೂತರು. ಕೊಳಾಯಿ ಜೋಡಿಸುವ ಒಬ್ಬ ಯುವಕ ಉದ್ದನೆಯ ಕೊಳಲು ತೆಗೆದ. ಪೈಪಿನ ಕೆಲಸದವನು ಪೈಪನ್ನೇ ನುಡಿಸುವುದು ನ್ಯಾಯವೇ. ಉಸ್ತಾ ಕರಿ ಕೋಟು ಹೊದ್ದು ನಡುವೆ ಬಂದು ನಿಂತು, ತಲೆ ಬಾಗಿಸಿ, ಕೋಟು ಜಾರಿಸಿದ. ಅದರ ಜೊತೆಗೆ ಸೊಂಟಪಟ್ಟಿಯ ಹೊಲಿಗೆಯೂ ಬಿಟ್ಟು ಲಂಗವೂ ಜಾರತೊಡಗಿತು.

ನಲವತ್ತನೆಯ ದಿನ ಮತ್ತೆ ಬರುವುದಿಲ್ಲ. ಉಸ್ತಾ ಲಂಗವನ್ನು ಒಂದು ಕೈಯಲ್ಲಿ ಹಿಡಿದು ನನ್ನನ್ನೇ ನೋಡಿದ. ಗೋಡೆಯ ಪಕ್ಕದವರೂ ನೋಡಿದರು. ಕಿಸೆಯಲ್ಲಿ ಸೂಜಿಯಿತ್ತು, ನಿಮ್ಮ ಹಾಗೆ ಎರಡೆಳೆ ದಾರ ಪೋಣಿಸಿಯೇ ಇಟ್ಟಿದ್ದೆ. ಓಡಿ ಹೋಗಿ ಅವನ ಪಕ್ಕದಲ್ಲಿ ಮಂಡಿಯೂರಿ ಮೈಮೇಲೇ ಹೊಲಿದೆ. ಇಷ್ಟು ವೇಗವಾಗಿ ನೀವೂ ಹೊಲಿದವರಲ್ಲ. ಗಂಟು ಹಾಕಿ ದಾರ ಕಡಿಯುವಷ್ಟರಲ್ಲಿ ಕೊಳಲು ಶುರುವಾಗಿತ್ತು. ಉಸ್ತಾ ಕಣ್ಣು ಮುಚ್ಚಿ, ಎದೆಯ ಮೇಲೆ ಅಡ್ಡಲಾಗಿದ್ದ ಕೈಗಳನ್ನು ಮೆಲ್ಲಗೆ ಬಿಚ್ಚಿ, ಎಡಗಾಲನ್ನು ನೆಲಕ್ಕೆ ಊರಿ ತಿರುಗಿದ. ನಾನೂ ತಿರುಗಿದೆ.

ಆಮೇಲೆ ನಾನು ಗೋಡೆಯ ಪಕ್ಕ ಕೂತು ನೋಡಿದ್ದನ್ನು ಹೇಗೆ ಹೇಳಲಿ? ಬಲಗೈ ಮೇಲಕ್ಕೆ, ಏನನ್ನೋ ಪಡೆಯುವ ಹಾಗೆ. ಎಡಗೈ ಕೆಳಕ್ಕೆ, ಅದನ್ನು ಯಾರಿಗೋ ಕೊಡುವ ಹಾಗೆ. ತಲೆ ಒಂದು ಕಡೆಗೆ ವಾಲಿತ್ತು, ಮಗು ನಿದ್ದೆಯಲ್ಲಿ ವಾಲಿಸುವಂತೆ. ಲಂಗ ಮೊದಲು ಹಿಂಜರಿಯಿತು, ಆಮೇಲೆ ಅಂಚಿನ ಭಾರಕ್ಕೆ ಮೆಲ್ಲಗೆ ಎದ್ದು ಪೂರ್ತಿ ಅರಳಿತು. ಒಳಗಡೆ ಬಚ್ಚಿಟ್ಟಿದ್ದ ಆಸ್ಪತ್ರೆಯ ನೀಲಿ ಮುದ್ರೆಯೂ ಆಗ ಬಯಲಿಗೆ ಬಂತು. ನೆಲದ ಮೇಲೆ ಕೂತವರಿಗೆಲ್ಲ ನನ್ನ ಕಳ್ಳತನ ಸುತ್ತು ಸುತ್ತಿಗೂ ಒಮ್ಮೆ ದರ್ಶನ ಕೊಟ್ಟು ಹೋಗುತ್ತಿತ್ತು. ಹಮೀದ್ ಕರವಸ್ತ್ರ ಕಚ್ಚಿಕೊಂಡು ಕೂತಿದ್ದ. ಆದರೆ ಸ್ವಲ್ಪ ಹೊತ್ತಿನಲ್ಲಿ ಮುದ್ರೆ ಕಾಣಿಸಲಿಲ್ಲ, ಮುದುಕನೂ ಕಾಣಿಸಲಿಲ್ಲ. ಕಂಡದ್ದು ನಿಮ್ಮ ಯಂತ್ರ. ಚಕ್ರ ಅಷ್ಟು ಜೋರಾಗಿ ಸುತ್ತುವಾಗಲೂ ಸೂಜಿ ತನ್ನ ಜಾಗ ಬಿಡುತ್ತಿರಲಿಲ್ಲವಲ್ಲ, ಹಾಗೆ. ಪಕ್ಕದಲ್ಲಿ ಯಾರೋ ಸಣ್ಣಗೆ ಅಳುತ್ತಿದ್ದರು. ಕೊಳಲು ನಿಂತಿತು, ಲಂಗ ಮಡಿಕೆ ಮಡಿಕೆಯಾಗಿ ಅವನ ಕಾಲ ಬಳಿ ಇಳಿಯಿತು. ಉಸ್ತಾನಿಗೆ ಸುಸ್ತೇ ಇಲ್ಲ. ಸುಸ್ತಾದದ್ದು ನನಗೆ.

ನೀವು ಕೇಳದ ಸುದ್ದಿ ಇನ್ನೂ ಇದೆ. ಉಸ್ತಾನ ಪಾಸ್‌ಪೋರ್ಟು ಕೊನೆಗೂ ರಿಯಾದಿನಿಂದ ಬಂತು. ಹೊರಡುವಾಗ ಲಂಗವನ್ನೂ ಮಡಚಿ ಪೆಟ್ಟಿಗೆಯಲ್ಲಿಟ್ಟುಕೊಂಡ. ಊರಿನ ಲಂಗ ಇರುವಾಗ ಇದು ಯಾಕೆ ಎಂದೆ. ಇನ್ನು ಇದನ್ನೇ ಉಡುವುದು ಎಂದ. ಅಂದರೆ ನಿಮ್ಮ ಅಂಚಿನ ಸಂಚು ಈಗ ಕೊನ್ಯಾದಲ್ಲಿ ಸುತ್ತುತ್ತಿದೆ ಮೌಶಿ. ಮುಂದಿನ ರಜೆಯಲ್ಲಿ ಊರಿಗೆ ಬಂದು, ನಿಮ್ಮ ಯಂತ್ರಕ್ಕೆ ಎಣ್ಣೆ ಹಾಕಿ, ನಿಮ್ಮ ಸಮಾಧಿಗೆ ಹೊದಿಸಲು ಒಂದು ಬಿಳಿ ಬಟ್ಟೆಯ ಅಂಚು ನಾನೇ ಹೊಲಿಯುತ್ತೇನೆ. ಬಟ್ಟೆ ದುಡ್ಡು ಕೊಟ್ಟೇ ತರುತ್ತೇನೆ, ಮಾತು ಕೊಟ್ಟೆ.

ಇಲ್ಲಿಗೆ ಮುಗಿಸಬಹುದಿತ್ತು. ಆದರೆ ನೀವು ಕನ್ನಡಕದ ಮೇಲಿಂದ ನೋಡುತ್ತಿದ್ದೀರಿ. "ಸುತ್ತಿದೆ ಎಂದೆಯಲ್ಲ, ನಿನಗೆ ತೊಟ್ಟಿಲು ತೂಗಿದರೂ ತಲೆ ಸುತ್ತುತ್ತಿತ್ತು, ಹೇಗೆ ಸುತ್ತಿದೆ?"

ಮಂಡಿಯ ಮೇಲೆ, ಮೌಶಿ. ಆ ಗಡಿಬಿಡಿಯಲ್ಲಿ ನಾನು ಹೊಲಿದದ್ದು ಉಸ್ತಾನ ಸೊಂಟಪಟ್ಟಿಯನ್ನಷ್ಟೇ ಅಲ್ಲ, ಬಟ್ಟೆ ಹಿಡಿದಿದ್ದ ನನ್ನ ಎಡಗೈಯ ಅಂಗಿತೋಳಿನ ಕಫ್ಫನ್ನೂ ಸೇರಿಸಿ ಹೊಲಿದಿದ್ದೆ. ಅವನು ತಿರುಗಿದಾಗ ನಾನೂ ತಿರುಗಲೇಬೇಕಾಯಿತು. ಒಂದೂವರೆ ಸುತ್ತು ಎಳೆದುಕೊಂಡು ಹೋದ. ನಿಮ್ಮ ಎರಡೆಳೆ ಹೊಲಿಗೆ ಬಿಡಲಿಲ್ಲ, ಅಂಗಿಯೇ ಹರಿದು ಕಫ್ ಅವನ ಸೊಂಟದಲ್ಲಿ ಉಳಿಯಿತು. ಮುಗಿದ ಮೇಲೆ ಬಿಚ್ಚಲು ಹೋದರೆ ಉಸ್ತಾ ಅದರ ಮೇಲೆ ಕೈಯಿಟ್ಟು, "ಇರಲಿ, ಅದೂ ಸುತ್ತಿದೆ" ಎಂದ. ಗುಂಡಿ ಸಮೇತ ಅದೂ ಕೊನ್ಯಾಕ್ಕೆ ಹೋಗಿದೆ.

ಇನ್ನೂ ಒಂದಿದೆ. ಎಳೆದುಕೊಂಡು ಹೋಗುವಾಗ ನಾನು ಕೂಗಿದೆ. ದೇವರ ಹೆಸರು ಬಾಯಿಗೆ ಬರಲಿಲ್ಲ, "ಮೌಶೀ" ಎಂದು ಕೂಗಿದೆ. ಅಷ್ಟು ದೊಡ್ಡದಾಗಿ, ಆ ಪರದೆ ಎಳೆದ ಕೋಣೆಯಲ್ಲಿ. ಗೋಡೆಯ ಪಕ್ಕದ ತುರ್ಕಿಯವರೆಲ್ಲ ಭಕ್ತಿಯಿಂದ ತಲೆ ಬಾಗಿಸಿದರು. ಅದು ಯಾರ ಹೆಸರು ಎಂದು ಆಮೇಲೆ ಒಬ್ಬ ವಿಚಾರಿಸಿದನಂತೆ. ಮಂಗಳೂರಿನ ಕಡೆಯ ಒಬ್ಬಳು ಸಂತಳು, ಈಗ ಇಲ್ಲ ಎಂದನಂತೆ ಹಮೀದ್.

ಕ್ಯಾಸೆಟ್ಟಿನಲ್ಲಿ ನೀವು ಹೇಳಿದಂತೆ ತೋಳು ಮಡಚಿ ಕೂತಿದ್ದರೆ, ಮೌಶಿ, ನಾನು ಸುತ್ತುತ್ತಲೇ ಇರಲಿಲ್ಲ.

ನಿಮ್ಮ,
ಒಂದು ತೋಳು ಗಿಡ್ಡವಾದ
ಲ್ಯಾನ್ಸಿ